ನೂರು ಕೋಟಿ ಎಂದರೆ ಎಷ್ಟು? ಎನ್‌ಇಬಿ 5-ಆಲ್ಫಾ ಕಾಂಪಿಟೆಂಟ್ ಕೋಶಗಳ ವಿಮರ್ಶೆ

ಹೊರಗಿನ ಡಿಎನ್‌ಎಯನ್ನು ಒಳಗೆ ತೆಗೆದುಕೊಳ್ಳಲು ಸಜ್ಜುಗೊಳಿಸಿದ ಬ್ಯಾಕ್ಟೀರಿಯಾ, ಅಂದರೆ ಕಾಂಪಿಟೆಂಟ್ ಕೋಶ, ಕೊಳ್ಳುವವರ ಕಣ್ಣು ಮೊದಲು ಹೋಗುವುದು ಒಂದು ಸಂಖ್ಯೆಯ ಮೇಲೆ. ಎನ್‌ಇಬಿ 5-ಆಲ್ಫಾದ ಹೈ ಎಫಿಷಿಯನ್ಸಿ ದರ್ಜೆಗೆ ನ್ಯೂ ಇಂಗ್ಲೆಂಡ್ ಬಯೋಲ್ಯಾಬ್ಸ್ (ಎನ್‌ಇಬಿ) ಕಂಪನಿ ಕೊಡುವ ಸಂಖ್ಯೆ, ಒಂದು ಮೈಕ್ರೋಗ್ರಾಂ ಪಿಯುಸಿ19 ಎಂಬ ಉಂಗುರದಂಥ ಪುಟ್ಟ (ಪ್ಲಾಸ್ಮಿಡ್) ಡಿಎನ್‌ಎಗೆ 100ರಿಂದ 300 ಕೋಟಿ ಕಾಲೊನಿ, ಅಂದರೆ ಡಿಎನ್‌ಎ ಪಡೆದ ಒಂದೊಂದು ಕೋಶದಿಂದ ಬೆಳೆದ ಗುಂಪು. ಅದೇ ತಳಿಯ ಸಬ್‌ಕ್ಲೋನಿಂಗ್ ದರ್ಜೆಗೆ 10 ಲಕ್ಷ. ತಳಿ ಒಂದೇ, ಬ್ಯಾಕ್ಟೀರಿಯಾ ಒಂದೇ, ವಂಶವಾಹಿಗಳ ಪಟ್ಟಿಯಲ್ಲಿ ಒಂದಕ್ಷರವೂ ವ್ಯತ್ಯಾಸವಿಲ್ಲ. ವ್ಯತ್ಯಾಸ ಸಾವಿರ ಪಟ್ಟು. ಸರಕು ಚೆನ್ನಾಗಿದೆ, ಅದರಲ್ಲಿ ಅನುಮಾನವಿಲ್ಲ. ಆದರೆ ಆ ಸಂಖ್ಯೆ ಏನನ್ನು ಅಳೆಯುತ್ತದೆ ಎಂದು ತಿಳಿಯದೆ ಕೊಂಡರೆ ಅರ್ಧ ಜನ ಬೇಡದ ದರ್ಜೆಗೆ ದುಡ್ಡು ಸುರಿಯುತ್ತಾರೆ. ಉಳಿದರ್ಧ ಜನ ಬೇಕಾದ ದರ್ಜೆಯನ್ನೇ ಕೊಂಡು, ಪ್ರಯೋಗದ ಮೇಜಿನ ಮೇಲೆ ಅದನ್ನು ಹಾಳು ಮಾಡಿಕೊಳ್ಳುತ್ತಾರೆ.

ಮೊದಲು 'ಕಾಂಪಿಟೆಂಟ್' ಎಂಬ ಮಾತು. ಇದು ಕೋಶದ ಗುಣಮಟ್ಟಕ್ಕೆ ಕೊಟ್ಟ ಪ್ರಶಸ್ತಿಯಲ್ಲ, ಒಂದು ಸ್ಥಿತಿಯ ಹೆಸರು. ಹೊರಗಿರುವ ಬರಿಯ ಡಿಎನ್‌ಎಯನ್ನು ಒಳಗೆ ಎಳೆದುಕೊಳ್ಳಬಲ್ಲ ಸ್ಥಿತಿಯಲ್ಲಿ ಕೋಶವಿದ್ದರೆ ಅದು ಕಾಂಪಿಟೆಂಟ್. ನ್ಯೂಮೋನಿಯಾ ತರುವ ಸ್ಟ್ರೆಪ್ಟೊಕಾಕಸ್, ಬ್ಯಾಸಿಲಸ್ ಸಬ್ಟಿಲಿಸ್, ಹೀಮೊಫಿಲಸ್ ಇನ್‌ಫ್ಲುಯೆಂಜಾ ಇವೆಲ್ಲ ತಾವಾಗಿಯೇ ಆ ಸ್ಥಿತಿಗೆ ಬರಬಲ್ಲವು. ಅದಕ್ಕೆ ಬೇಕಾದ ಪ್ರೋಟೀನ್ ಯಂತ್ರ ಅವುಗಳಲ್ಲೇ ಇದೆ. 1928ರಲ್ಲಿ ಫ್ರೆಡೆರಿಕ್ ಗ್ರಿಫಿತ್ ಒಂದು ಬ್ಯಾಕ್ಟೀರಿಯಾದ ಗುಣ ಇನ್ನೊಂದಕ್ಕೆ ದಾಟುವುದನ್ನು ಕಂಡದ್ದು, 1944ರಲ್ಲಿ ಏವರಿ, ಮೆಕ್ಲಿಯಾಡ್, ಮೆಕಾರ್ಟಿ ಮೂವರೂ ಅದರ ಹಿಂದಿರುವುದು ಡಿಎನ್‌ಎ ಎಂದು ತೋರಿಸಿಕೊಟ್ಟದ್ದು ಈ ಸಹಜ ಸಾಮರ್ಥ್ಯದಿಂದಲೇ. ಪ್ರಯೋಗಾಲಯದ ಇ. ಕೋಲೈ ಹಾಗಲ್ಲ. ಅದನ್ನು ಆ ಸ್ಥಿತಿಗೆ ದೂಡಬೇಕು. ಕ್ಯಾಲ್ಸಿಯಂ ಕ್ಲೋರೈಡಿನಲ್ಲಿ ತಣ್ಣಗಿಟ್ಟರೆ ಇ. ಕೋಲೈ ಫೇಜ್ (ಬ್ಯಾಕ್ಟೀರಿಯಾಕ್ಕೆ ತಗಲುವ ವೈರಸ್) ಡಿಎನ್‌ಎಯನ್ನು ಒಳಗೆ ತೆಗೆದುಕೊಳ್ಳುತ್ತದೆ ಎಂದು ಮ್ಯಾಂಡೆಲ್ ಮತ್ತು ಹಿಗಾ 1970ರಲ್ಲಿ ತೋರಿಸಿದರು. 1972ರಲ್ಲಿ ಕೋಹೆನ್, ಚಾಂಗ್, ಸು ಅದನ್ನೇ ಪ್ಲಾಸ್ಮಿಡ್‌ಗೆ ಒಗ್ಗಿಸಿದರು. 1983ರಲ್ಲಿ ಡಗ್ಲಸ್ ಹನಹಾನ್ ಈ ವಿಧಾನದ ಒಂದೊಂದು ಹಂತವನ್ನೂ ಅಳೆದು ತೂಗಿ ದಕ್ಷತೆಯನ್ನು ಬಹಳ ಮೇಲಕ್ಕೆ ಏರಿಸಿದರು. ಡಿಎಚ್5-ಆಲ್ಫಾ ಎಂಬ ಹೆಸರಿನ 'ಡಿಎಚ್' ಅವರದೇ ಹೆಸರಿನ ಮೊದಲಕ್ಷರಗಳು. ಎನ್‌ಇಬಿ 5-ಆಲ್ಫಾ ಆ ತಳಿಯಿಂದಲೇ ಬಂದದ್ದು.

ಹೀಗೆ ದೂಡಿ ತಂದ ಸ್ಥಿತಿ ನಿಲ್ಲುವಂಥದ್ದಲ್ಲ. ಮೈನಸ್ 80 ಡಿಗ್ರಿಯಲ್ಲಿ ಮಾತ್ರ ಅದು ಕಾಯ್ದುಕೊಂಡಿರುತ್ತದೆ. ಈ ಸರಕಿನ ಬಳಕೆಯ ಎಲ್ಲ ನಿಯಮಗಳೂ ಹುಟ್ಟುವುದು ಇದರಿಂದ.

'ಟ್ರಾನ್ಸ್‌ಫಾರ್ಮೇಶನ್' ಎಂಬ ಪದದ್ದು ಇನ್ನೊಂದು ಗೋಜಲು. ಬ್ಯಾಕ್ಟೀರಿಯಾ ಬರಿಯ ಡಿಎನ್‌ಎಯನ್ನು ಒಳಗೆಳೆದುಕೊಂಡು ಹೊಸ ಗುಣ ಪಡೆದರೆ ಅದು ಟ್ರಾನ್ಸ್‌ಫಾರ್ಮೇಶನ್. ಆ ಡಿಎನ್‌ಎಯನ್ನು ಫೇಜ್ ಹೊತ್ತು ತಂದರೆ ಟ್ರಾನ್ಸ್‌ಡಕ್ಷನ್. ಪ್ರಾಣಿಕೋಶಗಳಲ್ಲಿ ಕೆಲಸ ಮಾಡುವವರಿಗೆ ಟ್ರಾನ್ಸ್‌ಫಾರ್ಮೇಶನ್ ಎಂದರೆ ಕೋಶ ಕ್ಯಾನ್ಸರಿನ ಹಾದಿ ಹಿಡಿಯುವುದು. ಆದ್ದರಿಂದಲೇ ಪ್ರಾಣಿಕೋಶಕ್ಕೆ ಡಿಎನ್‌ಎ ಹಾಕುವುದನ್ನು ಅವರು ಟ್ರಾನ್ಸ್‌ಫೆಕ್ಷನ್ ಎನ್ನುತ್ತಾರೆ. ಒಂದೇ ವರದಿಯಲ್ಲಿ ಎರಡೂ ಬಗೆಯ ಕೋಶ ಬಂದಾಗ ಈ ಪದಗಳು ಅದಲುಬದಲಾದರೆ ಓದುವವರು ನಿಜಕ್ಕೂ ದಾರಿ ತಪ್ಪುತ್ತಾರೆ.

ಇನ್ನು ಆ ಸಂಖ್ಯೆಗೆ ಬರೋಣ. ಟ್ರಾನ್ಸ್‌ಫಾರ್ಮೇಶನ್ ದಕ್ಷತೆ ಎಂದರೆ, ಪ್ಲೇಟಿನ ಮೇಲೆ ಎಣಿಸಿದ ಕಾಲೊನಿಗಳನ್ನು ಆ ಪ್ಲೇಟಿಗೆ ಹೋದ ಡಿಎನ್‌ಎಯ ತೂಕದಿಂದ, ಮೈಕ್ರೋಗ್ರಾಂ ಲೆಕ್ಕದಲ್ಲಿ, ಭಾಗಿಸಿದಾಗ ಬರುವುದು. ಟ್ಯೂಬಿಗೆ ಹಾಕಿದ ಡಿಎನ್‌ಎ ಅಲ್ಲ, ಪ್ಲೇಟಿಗೆ ಹೋದ ಡಿಎನ್‌ಎ. ಹೆಚ್ಚಿನ ಲೆಕ್ಕ ತಪ್ಪುವುದು ಇಲ್ಲೇ. ಪೆಟ್ಟಿಗೆಯ ಜೊತೆ ಬರುವ ಪಿಯುಸಿ19 ಮಾದರಿಯ ಸಾಂದ್ರತೆ ಒಂದು ಮೈಕ್ರೋಲೀಟರಿಗೆ 50 ಪಿಕೋಗ್ರಾಂ. ಅದರಲ್ಲಿ 2 ಮೈಕ್ರೋಲೀಟರ್, ಅಂದರೆ 100 ಪಿಕೋಗ್ರಾಂ, 50 ಮೈಕ್ರೋಲೀಟರ್ ಕೋಶಕ್ಕೆ ಹಾಕಿದಿರಿ ಎನ್ನೋಣ. ಕೊನೆಗೆ 950 ಮೈಕ್ರೋಲೀಟರ್ ಎಸ್‌ಒಸಿ ಎಂಬ ಪೋಷಕ ದ್ರವ ಸೇರಿ ಒಟ್ಟು ಸುಮಾರು 1 ಮಿಲಿಲೀಟರ್ ಆಯಿತು. ಅದನ್ನು ನೂರು ಪಟ್ಟು ತೆಳು ಮಾಡಿ, ಅದರಲ್ಲಿ 100 ಮೈಕ್ರೋಲೀಟರ್ ಹರಡಿದರೆ ಪ್ಲೇಟಿಗೆ ಹೋದದ್ದು ಮೂಲದ ಸಾವಿರದಲ್ಲಿ ಒಂದು ಪಾಲು: 0.1 ಪಿಕೋಗ್ರಾಂ. ಮಾರನೆಯ ದಿನ 100 ಕಾಲೊನಿ ಕಂಡರೆ, 0.1 ಪಿಕೋಗ್ರಾಂಗೆ 100, ಒಂದು ಪಿಕೋಗ್ರಾಂಗೆ 1,000, ಒಂದು ಮೈಕ್ರೋಗ್ರಾಂಗೆ 100 ಕೋಟಿ. ಕಂಪನಿ ಹೇಳಿದ್ದು ಸರಿ ಬಂತು. ತೆಳು ಮಾಡದೆ ಹಾಗೇ ಹರಡಿದರೆ 10,000 ಕಾಲೊನಿ ಒಂದಕ್ಕೊಂದು ಅಂಟಿ ಎಣಿಸಲಾಗದು. ಆಗ 'ತುಂಬಾ ಬಂತು' ಎನ್ನಬಹುದೇ ಹೊರತು ಸಂಖ್ಯೆ ಹೇಳಲಾಗದು. 30ರಿಂದ 300ರವರೆಗೆ ಕಾಲೊನಿ ಸಿಗುವ ಪ್ಲೇಟನ್ನೇ ಎಣಿಕೆಗೆ ಆರಿಸಿಕೊಳ್ಳುವುದು ಒಳ್ಳೆಯದು.

ದಕ್ಷತೆಯನ್ನು ಶೇಕಡಾದಲ್ಲಿ ಹೇಳುವವರೂ ಇದ್ದಾರೆ. ಅದು ಬೇರೆ ಅಳತೆ. ಬದುಕಿರುವ ಕೋಶಗಳಲ್ಲಿ ಎಷ್ಟು ಪಾಲು ಡಿಎನ್‌ಎ ಪಡೆದವು ಎಂಬುದು ಟ್ರಾನ್ಸ್‌ಫಾರ್ಮೇಶನ್ ಆವರ್ತನ, ಅದಕ್ಕೆ ಘಟಕವಿಲ್ಲ. ದಕ್ಷತೆಗೆ ಘಟಕವಿದೆ, ಜೊತೆಗೆ ಪ್ಲಾಸ್ಮಿಡ್ಡಿನ ಹೆಸರೂ ಇರಲೇಬೇಕು. 'ನಮ್ಮ ಕೋಶದ ದಕ್ಷತೆ 300 ಕಾಲೊನಿ' ಎಂಬ ಮಾತಿಗೆ ಅರ್ಥವೇ ಇಲ್ಲ.

ಪ್ಲಾಸ್ಮಿಡ್ಡಿನ ಹೆಸರು ಏಕೆ ಬೇಕು? ಪಿಯುಸಿ19 ಕೇವಲ 2,686 ಬೇಸ್ ಜೋಡಿಯ ಪುಟ್ಟ ಉಂಗುರ. ಒಂದು ಮೈಕ್ರೋಗ್ರಾಂನಲ್ಲಿ ಅಂಥ ಸುಮಾರು 34,500 ಕೋಟಿ ಅಣುಗಳಿರುತ್ತವೆ. ನೂರು ಕೋಟಿ ಕಾಲೊನಿ ಎಂದರೆ ಹೆಚ್ಚುಕಡಿಮೆ 345 ಅಣುವಿಗೆ ಒಂದು ಕಾಲೊನಿ. ಹತ್ತು ಲಕ್ಷದ ದರ್ಜೆಯಲ್ಲಿ 3,45,000 ಅಣುವಿಗೆ ಒಂದು. ಇದೇ ತೂಕದಲ್ಲಿ 10,000 ಬೇಸ್ ಜೋಡಿಯ ಪ್ಲಾಸ್ಮಿಡ್ ತೆಗೆದುಕೊಂಡರೆ ಅಣುಗಳೇ ಕಾಲು ಭಾಗವಾಗುತ್ತವೆ. ಅದರ ಮೇಲೆ ದೊಡ್ಡ ಉಂಗುರ ಒಳಗೆ ಹೋಗುವುದೂ ಕಷ್ಟ. ಸಂಖ್ಯೆ ಬಿದ್ದರೆ ಕೋಶವನ್ನು ಬೈಯುವಂತಿಲ್ಲ. ಇನ್ನೊಂದು ವಿಷಯ: ಈ ಅಳತೆ ನಡೆಯುವುದು ಪಿಕೋಗ್ರಾಂ ಪ್ರಮಾಣದಲ್ಲಿ. ಡಿಎನ್‌ಎ ಹೆಚ್ಚಿಸುತ್ತ ಹೋದರೆ ಒಂದು ಹಂತದವರೆಗೆ ಕಾಲೊನಿ ಹೆಚ್ಚುತ್ತವೆ, ಆಮೇಲೆ ಕೋಶಗಳೇ ಸಾಲದೆ ನಿಂತುಬಿಡುತ್ತವೆ. ಎಂದೇ 100 ನ್ಯಾನೋಗ್ರಾಂ ಹಾಕಿ ದಕ್ಷತೆ ಲೆಕ್ಕ ಹಾಕಿದರೆ ಒಳ್ಳೆಯ ಕೋಶವೂ ಕಳಪೆಯಾಗಿ ಕಾಣುತ್ತದೆ.

ವಿಧಾನ ಹೀಗಿದೆ. 50 ಮೈಕ್ರೋಲೀಟರ್ ಕೋಶದ ಟ್ಯೂಬನ್ನು ಐಸಿನ ಮೇಲಿಟ್ಟು ಕೊನೆಯ ಹರಳು ಕರಗುವವರೆಗೆ ಕಾಯಬೇಕು. 1ರಿಂದ 5 ಮೈಕ್ರೋಲೀಟರಿನಲ್ಲಿ 1 ಪಿಕೋಗ್ರಾಂನಿಂದ 100 ನ್ಯಾನೋಗ್ರಾಂ ಡಿಎನ್‌ಎ ಹಾಕಿ, ಬೆರಳಿನಿಂದ ನಾಲ್ಕೈದು ಸಲ ಮೆಲ್ಲಗೆ ತಟ್ಟಿ ಬೆರೆಸಬೇಕು. ವೋರ್ಟೆಕ್ಸ್ (ಟ್ಯೂಬನ್ನು ಜೋರಾಗಿ ಅಲುಗಿಸುವ ಯಂತ್ರ) ಹತ್ತಿರವೂ ಒಯ್ಯಬಾರದು. ಈ ಸ್ಥಿತಿಯ ಕೋಶದ ಪೊರೆ ಬಲು ನಾಜೂಕು. ಐಸಿನಲ್ಲಿ 30 ನಿಮಿಷ ಅಲುಗಾಡಿಸದೆ ಇಡಿ. 42 ಡಿಗ್ರಿ ಸೆಲ್ಸಿಯಸ್ ನೀರಿನಲ್ಲಿ ಸರಿಯಾಗಿ 30 ಸೆಕೆಂಡು. ಮತ್ತೆ ಐಸಿನಲ್ಲಿ 5 ನಿಮಿಷ. ಕೋಣೆಯ ಉಷ್ಣತೆಯಲ್ಲಿರುವ 950 ಮೈಕ್ರೋಲೀಟರ್ ಎಸ್‌ಒಸಿ ಹಾಕಿ 37 ಡಿಗ್ರಿಯಲ್ಲಿ, ನಿಮಿಷಕ್ಕೆ 250 ಸುತ್ತಿನ ಶೇಕರಿನಲ್ಲಿ 60 ನಿಮಿಷ. ಬಳಿಕ ಆಂಟಿಬಯಾಟಿಕ್ ಇರುವ ಪ್ಲೇಟಿಗೆ 50ರಿಂದ 100 ಮೈಕ್ರೋಲೀಟರ್ ಹರಡಿ ರಾತ್ರಿಯಿಡೀ 37 ಡಿಗ್ರಿಯಲ್ಲಿ ಇಟ್ಟರೆ ಆಯಿತು. ಪ್ಲೇಟು ಬೆಚ್ಚಗಿರಲಿ, ತಣ್ಣಗಿರಲಿ, ಕಾಲೊನಿಗಳ ಸಂಖ್ಯೆ ಬದಲಾಗದು. ಬೆಚ್ಚಗೆ, ಒಣಗಿದಂತಿದ್ದರೆ ಹರಡುವುದು ಸುಲಭ, ಕಾಲೊನಿ ಬೇಗ ಕಣ್ಣಿಗೆ ಬೀಳುತ್ತವೆ, ಅಷ್ಟೆ.

ಈ ಸರಕಿನ ಜೊತೆ ಬರುವ ಸೂಚನೆಗಳಲ್ಲಿ ನಮಗೆ ಬಹಳ ಹಿಡಿಸಿದ್ದು, ಯಾವ ಹಂತದಲ್ಲಿ ಅವಸರ ಮಾಡಿದರೆ ಎಷ್ಟು ನಷ್ಟ ಎಂದು ಬಿಡಿಸಿ ಹೇಳಿರುವುದು. ಐಸಿನ 30 ನಿಮಿಷದಲ್ಲಿ ಪ್ರತಿ 10 ನಿಮಿಷ ಕಡಿತಕ್ಕೆ ದಕ್ಷತೆ ಅರ್ಧವಾಗುತ್ತದೆ. ಶೇಕರಿನ 60 ನಿಮಿಷದಲ್ಲಿ ಪ್ರತಿ 15 ನಿಮಿಷ ಕಡಿತಕ್ಕೆ ಮತ್ತೆ ಅರ್ಧ. ಎಸ್‌ಒಸಿ ಬದಲು ಎಲ್‌ಬಿ ಎಂಬ ಸಾದಾ ಪೋಷಕ ದ್ರವ ಹಾಕಿದರೆ ಅರ್ಧ. ಅಲುಗಾಡಿಸದೆ ಇನ್‌ಕ್ಯುಬೇಟರಿನಲ್ಲಿ ನಿಲ್ಲಿಸಿಟ್ಟರೆ ಅರ್ಧ. ಒಂದೊಂದೂ ಸಣ್ಣದಾಗಿಯೇ ಕಾಣುತ್ತದೆ. ಗುಣಿಸಿ ನೋಡಿ: ಐಸಿನಲ್ಲಿ ಹತ್ತೇ ನಿಮಿಷ, ಎಲ್‌ಬಿ ಹಾಕಿ ಅರ್ಧ ಗಂಟೆ, ಅದೂ ನಿಲ್ಲಿಸಿಟ್ಟು. ನಾಲ್ಕರಲ್ಲಿ ಒಂದು, ಮತ್ತೆ ನಾಲ್ಕರಲ್ಲಿ ಒಂದು, ಎರಡರಲ್ಲಿ ಒಂದು, ಎರಡರಲ್ಲಿ ಒಂದು. ಒಟ್ಟು 64ರಲ್ಲಿ ಒಂದು. ನೂರು ಕೋಟಿ ಕೊಂಡವರ ಕೈಯಲ್ಲಿ ಉಳಿದದ್ದು ಒಂದೂವರೆ ಕೋಟಿ ಚಿಲ್ಲರೆ. ಹಾಗೆ ಕೆಲಸ ಮಾಡುವ ಅಭ್ಯಾಸವಿದ್ದರೆ ದುಬಾರಿ ದರ್ಜೆ ಕೊಳ್ಳಬೇಡಿ, ಅಥವಾ ಅಭ್ಯಾಸ ಬದಲಿಸಿ.

ಬೇಕೆಂದೇ ಅವಸರ ಮಾಡುವವರಿಗೆ ಐದು ನಿಮಿಷದ ಒಂದು ವಿಧಾನವನ್ನೂ ಕಂಪನಿಯೇ ಕೊಟ್ಟಿದೆ. ಟ್ಯೂಬನ್ನು ಅಂಗೈಯಲ್ಲಿ ಕರಗಿಸಿ, ಡಿಎನ್‌ಎ ಹಾಕಿ, ಐಸಿನಲ್ಲಿ 2 ನಿಮಿಷ, 42 ಡಿಗ್ರಿಯಲ್ಲಿ 30 ಸೆಕೆಂಡು, ಮತ್ತೆ ಐಸಿನಲ್ಲಿ 2 ನಿಮಿಷ, ಮಾಧ್ಯಮ ಹಾಕಿ ಕೂಡಲೇ ಹರಡುವುದು. ದಕ್ಷತೆ ಹತ್ತರಲ್ಲಿ ಒಂದು ಪಾಲಿಗೆ ಇಳಿಯುತ್ತದೆ. ಕೈಯಲ್ಲಿರುವ ಶುದ್ಧ ಪ್ಲಾಸ್ಮಿಡ್ಡನ್ನು ಮತ್ತೆ ಬೆಳೆಸಲು ಇಷ್ಟು ಧಾರಾಳ ಸಾಕು. ಆದರೆ ಆಂಪಿಸಿಲಿನ್ ಪ್ಲೇಟಿಗೆ ಮಾತ್ರ ಇದನ್ನು ನಂಬಬಹುದು. ಆಂಪಿಸಿಲಿನ್ ಹೊಡೆಯುವುದು ಬೆಳೆಯುತ್ತಿರುವ ಕೋಶದ ಗೋಡೆಯನ್ನು, ಆದ್ದರಿಂದ ಪ್ರತಿರೋಧದ ಕಿಣ್ವ ತಯಾರಾಗಲು ಕೋಶಕ್ಕೆ ಒಂದಿಷ್ಟು ಸಮಯ ಸಿಗುತ್ತದೆ. ಕ್ಯಾನಮೈಸಿನ್ ಹೊಡೆಯುವುದು ರೈಬೋಸೋಮನ್ನೇ, ಅಂದರೆ ಆ ಕಿಣ್ವವನ್ನು ತಯಾರಿಸಬೇಕಾದ ಯಂತ್ರವನ್ನೇ. ಪ್ಲೇಟಿಗೆ ಹೋಗುವ ಮೊದಲೇ ಕಿಣ್ವ ಸಿದ್ಧವಿರದಿದ್ದರೆ ಡಿಎನ್‌ಎ ಪಡೆದ ಕೋಶವೂ ಸಾಯುತ್ತದೆ. ಕ್ಯಾನಮೈಸಿನ್ ಪ್ಲೇಟಿಗೆ 60 ನಿಮಿಷದ ಬೆಳವಣಿಗೆ ತಪ್ಪಿಸಬಾರದು. ಹಾಗೆಂದು ಗಂಟೆಗಟ್ಟಲೆ ಬಿಡುವುದೂ ಬೇಡ. ಹೆಚ್ಚು ಹೊತ್ತು ಬಿಟ್ಟರೆ ಹೊಸದಾಗಿ ಡಿಎನ್‌ಎ ಪಡೆಯುವ ಕೋಶಗಳಿರುವುದಿಲ್ಲ, ಪಡೆದವೇ ಇಬ್ಭಾಗವಾಗುತ್ತವೆ. ಕಾಲೊನಿ ಲೆಕ್ಕ ಸುಮ್ಮನೆ ಉಬ್ಬುತ್ತದೆ, ಒಂದೇ ಕೋಶದ ಮಕ್ಕಳನ್ನೇ ಬೇರೆ ಬೇರೆ ಎಂದುಕೊಂಡು ಪರೀಕ್ಷಿಸುತ್ತ ಕೂರಬೇಕಾಗುತ್ತದೆ.

30 ಸೆಕೆಂಡಿನ ಬಿಸಿಯ ಬಗ್ಗೆ ಒಂದು ಎಚ್ಚರಿಕೆ. ಈ ಸಮಯ ಕಂಪನಿ ಕೊಟ್ಟ ಟ್ಯೂಬಿಗೆ, ಅದರಲ್ಲಿನ 50 ಮೈಕ್ರೋಲೀಟರಿಗೆ ಹೊಂದಿಸಿದ್ದು. ತೆಳು ಗೋಡೆಯ ಪಿಸಿಆರ್ ಟ್ಯೂಬಿಗೆ ಸುರಿದುಕೊಂಡರೆ ಬಿಸಿ ಬೇಗ ಒಳಗೆ ತಲುಪುತ್ತದೆ. ದಪ್ಪ ಗೋಡೆಯ ದೊಡ್ಡ ಟ್ಯೂಬಿನಲ್ಲಿ ತಡವಾಗುತ್ತದೆ. ಎರಡರಲ್ಲೂ 30 ಸೆಕೆಂಡು ತಪ್ಪು ಸಂಖ್ಯೆಯೇ. ಹೀಟಿಂಗ್ ಬ್ಲಾಕಿನ ಗುಣಿಯಲ್ಲಿ ಟ್ಯೂಬು ಸಡಿಲವಾಗಿ ಕೂತರೆ ನಡುವೆ ಗಾಳಿ ನಿಂತು ಬಿಸಿಯೇ ಸರಿಯಾಗಿ ಹೋಗದು. ನೀರಿನ ಬಾತೇ ಮೇಲು, ಅದರ ಪರದೆ ತೋರಿಸುವ ಅಂಕಿಯನ್ನು ನಂಬದೆ ಥರ್ಮಾಮೀಟರ್ ಇಳಿಬಿಟ್ಟು 42 ಇದೆಯೇ ನೋಡಿಕೊಳ್ಳಬೇಕು.

ಶೇಖರಣೆಯೇ ಈ ಸರಕಿನ ನಿಜವಾದ ದೌರ್ಬಲ್ಯ, ಅದು ಯಾವ ಕಂಪನಿಯ ಕೋಶಕ್ಕೂ ತಪ್ಪಿದ್ದಲ್ಲ. ಮೈನಸ್ 80ರಿಂದ ಮೈನಸ್ 20ಕ್ಕೆ ತಂದು ಮತ್ತೆ ವಾಪಸ್ ಇಟ್ಟರೆ, ಕೋಶ ಕರಗದಿದ್ದರೂ ದಕ್ಷತೆ ಕುಸಿಯುತ್ತದೆ. ನೋಡಿದರೆ ಏನೂ ಗೊತ್ತಾಗುವುದಿಲ್ಲ, ಟ್ಯೂಬು ಹಾಗೇ ಗಟ್ಟಿಯಾಗಿರುತ್ತದೆ. ಫ್ರೀಜರಿನ ಬಾಗಿಲ ಹತ್ತಿರದ ತಟ್ಟೆಯಲ್ಲಿಡುವುದು, ಬೇರೇನೋ ಹುಡುಕಲು ಇಡೀ ಪೆಟ್ಟಿಗೆಯನ್ನು ಮೇಜಿನ ಮೇಲಿಟ್ಟು ಮರೆಯುವುದು, ಇವೇ ಮುಖ್ಯ ಕಾರಣ. ಪಾರ್ಸೆಲ್ ಬಂದಾಗ ಒಳಗೆ ಡ್ರೈ ಐಸ್ ಉಳಿದಿದೆಯೇ ಎಂದು ಅಲ್ಲೇ ನೋಡಬೇಕು. ಉಳಿದಿಲ್ಲವೆಂದರೆ ಆ ದಿನವೇ ಪಿಯುಸಿ19 ಪರೀಕ್ಷೆ ಮಾಡಿ ಸಂಖ್ಯೆ ತಿಳಿದುಕೊಳ್ಳುವುದು ಜಾಣತನ.

ಪ್ಯಾಕಿನ ಆಯ್ಕೆಯೂ ಇದಕ್ಕೆ ಸೇರಿದ್ದು. ಇದು 50 ಮೈಕ್ರೋಲೀಟರಿನ ಒಂದೊಂದು ಬಳಕೆಯ 20 ಟ್ಯೂಬುಗಳಾಗಿ ಸಿಗುತ್ತದೆ, 200 ಮೈಕ್ರೋಲೀಟರಿನ 6 ಟ್ಯೂಬುಗಳಾಗಿಯೂ ಸಿಗುತ್ತದೆ. ಎರಡನೆಯದರಲ್ಲಿ ಒಂದು ಟ್ಯೂಬು ತೆರೆದರೆ ನಾಲ್ಕು ಪ್ರಯೋಗ ಒಟ್ಟಿಗೆ ಮಾಡಬೇಕು. ಒಂದನ್ನು ಮಾಡಿ ಮಿಕ್ಕ 150 ಮೈಕ್ರೋಲೀಟರನ್ನು ಮತ್ತೆ ಹೆಪ್ಪುಗಟ್ಟಿಸಿದರೆ ಎರಡನೆಯ ಸಲಕ್ಕೆ ಸಿಗುವುದು ನೂರು ಕೋಟಿಯಲ್ಲ. ವಾರಕ್ಕೆ ಒಂದೆರಡು ಲೈಗೇಶನ್ (ಡಿಎನ್‌ಎ ತುಂಡುಗಳ ಜೋಡಣೆ) ಮಾಡುವವರು ಸಣ್ಣ ಟ್ಯೂಬಿನ ಪ್ಯಾಕನ್ನೇ ಕೊಳ್ಳಲಿ.

ತಳಿಯ ಗುಣಗಳಲ್ಲಿ ಕೆಲಸಕ್ಕೆ ಬರುವಷ್ಟನ್ನು ಹೇಳುವುದಾದರೆ (ಹೆಸರುಗಳೆಲ್ಲ ವಂಶವಾಹಿಯ ಮಾರ್ಪಾಡುಗಳವು): ಎಂಡ್‌ಎ1 ಇರುವುದರಿಂದ ಕೋಶ ಒಡೆದಾಗ ಪ್ಲಾಸ್ಮಿಡ್ಡನ್ನು ಕತ್ತರಿಸುವ ಎಂಡೋನ್ಯೂಕ್ಲಿಯೇಸ್ ಇಲ್ಲ, ಮಿನಿಪ್ರೆಪ್, ಅಂದರೆ ಕೋಶದಿಂದ ತೆಗೆದ ಪ್ಲಾಸ್ಮಿಡ್, ಸ್ವಚ್ಛವಾಗಿ ಬರುತ್ತದೆ. ರೆಕ್‌ಎ1 ಇರುವುದರಿಂದ ಒಳಗೆ ಹೋದ ಡಿಎನ್‌ಎ ತಾನೇ ಕಲಸಿಕೊಳ್ಳುವುದು ಕಡಿಮೆ, ಸೇರಿಸಿದ ತುಂಡು (ಇನ್ಸರ್ಟ್) ಹಾಗೇ ಉಳಿಯುತ್ತದೆ. ಆ ಲಾಭಕ್ಕೆ ತೆರಬೇಕಾದದ್ದು ನಿಧಾನದ ಬೆಳವಣಿಗೆ. ಬೆಳಗ್ಗೆ ಕಾಲೊನಿ ಸೂಜಿಮೊನೆಯಷ್ಟೇ ಇದ್ದರೆ ಗಾಬರಿ ಬೇಡ. ಎಚ್‌ಎಸ್‌ಡಿಆರ್17 ಇರುವುದರಿಂದ ಪಿಸಿಆರ್‌ನಲ್ಲಿ ಹುಟ್ಟಿದ, ಮೆಥಿಲ್ ಗುರುತಿಲ್ಲದ ಡಿಎನ್‌ಎಯನ್ನೂ ಪರಕೀಯವೆಂದು ಕತ್ತರಿಸುವುದಿಲ್ಲ. ಲ್ಯಾಕ್‌ಝಡ್ ಡೆಲ್ಟಾ ಎಂ15 ಇನ್ಸರ್ಟ್ ಸೇರಿದ ಕಾಲೊನಿ ಬಿಳಿ, ಸೇರದ್ದು ನೀಲಿಯಾಗಿ ಕಾಣುವ ನೀಲಿ-ಬಿಳಿ ಪರೀಕ್ಷೆಗೆ. ಪಿಯುಸಿ ಬಗೆಯ ಹೆಚ್ಚು ಪ್ರತಿಗಳ ಪ್ಲಾಸ್ಮಿಡ್ಡಾದರೆ ಬಣ್ಣ ಕೊಡುವ ಎಕ್ಸ್-ಗ್ಯಾಲ್ ಸಾಕು, ವಂಶವಾಹಿಯನ್ನು ಚಾಲೂ ಮಾಡುವ ಐಪಿಟಿಜಿ ಇಲ್ಲದೆಯೂ ನೀಲಿ ಬರುತ್ತದೆ. ಇದನ್ನು ಸಾಮಾನ್ಯ ಡಿಎಚ್5-ಆಲ್ಫಾದಿಂದ ಬೇರ್ಪಡಿಸುವುದು ಎಫ್‌ಎಚ್‌ಯುಎ2: ಟಿ1 ಫೇಜ್ ಅಂಟದು. ಫೇಜ್ ಕಾಟ ಒಮ್ಮೆ ಹೊಕ್ಕ ಪ್ರಯೋಗಾಲಯಕ್ಕೆ ಇದರ ಬೆಲೆ ಗೊತ್ತಿರುತ್ತದೆ.

ಜೈರ್‌ಎ96 ವಿಷಯದಲ್ಲಿ ತಪ್ಪು ತಿಳಿವಳಿಕೆ ಬಹಳ. ಇದು ಕೊಡುವುದು ನ್ಯಾಲಿಡಿಕ್ಸಿಕ್ ಆಮ್ಲಕ್ಕೆ ಪ್ರತಿರೋಧ. ಸಿಸಿಡಿಬಿ ಎಂಬ ವಿಷದ ವಂಶವಾಹಿ ಇರುವ ವೆಕ್ಟರನ್ನು (ಇನ್ಸರ್ಟ್ ಹೊತ್ತೊಯ್ಯುವ ಪ್ಲಾಸ್ಮಿಡ್ಡನ್ನು) ತಡೆದುಕೊಳ್ಳುವ ತಳಿಗಳಲ್ಲಿರುವುದು ಅದೇ ವಂಶವಾಹಿಯ ಬೇರೊಂದು ಮಾರ್ಪಾಡು, ಜೈರ್‌ಎ462. ಹೆಸರು ನೋಡಿ ಎರಡೂ ಒಂದೇ ಎಂದುಕೊಂಡು, ಈ ವಿಷದ ವಂಶವಾಹಿ ಇರುವ ಖಾಲಿ ಗೇಟ್‌ವೇ ವೆಕ್ಟರನ್ನು 5-ಆಲ್ಫಾದಲ್ಲಿ ಬೆಳೆಸಲು ಹೊರಟರೆ ಕಾಲೊನಿ ಬರುವುದಿಲ್ಲ. ಬಂದರೆ ಇನ್ನೂ ಕೆಟ್ಟದ್ದು: ಆ ವಿಷದ ವಂಶವಾಹಿ ಕೆಟ್ಟುಹೋದ ಪ್ಲಾಸ್ಮಿಡ್ ಅದು.

ಇದು ಮಾಡದ ಕೆಲಸಗಳು ಇನ್ನೂ ಇವೆ. ಟಿ7 ಪಾಲಿಮರೇಸ್ ಇಲ್ಲ, ಹಾಗಾಗಿ ಆ ಕಿಣ್ವವನ್ನು ಬೇಡುವ ಪಿಇಟಿ ವೆಕ್ಟರಿನಿಂದ ಪ್ರೋಟೀನ್ ಬೇಕಿದ್ದರೆ ಅದಿರುವ ಬಿಎಲ್21 ಡಿಇ3 ತಳಿಗೆ ಹೋಗಬೇಕು. ಎಫ್ ಪ್ಲಾಸ್ಮಿಡ್ ಇಲ್ಲ, ಎಂ13 ಫೇಜ್ ಹಿಡಿಯದು. ಥಯಾಮಿನ್ ಹಾಕದ ಕನಿಷ್ಠ ಮಾಧ್ಯಮದಲ್ಲಿ ಬೆಳೆಯದು. ಲೆಂಟಿವೈರಸ್ ವೆಕ್ಟರಿನಂತೆ ಉದ್ದನೆಯ ಪುನರಾವರ್ತನೆಗಳಿರುವ ಪ್ಲಾಸ್ಮಿಡ್ಡಿಗೆ ಅದಕ್ಕೆಂದೇ ಇರುವ ಸ್ಥಿರ ತಳಿಗಳೇ ಸರಿ. ಡಿಎನ್‌ಎಗೆ ಮೆಥಿಲ್ ಗುರುತು ಹಾಕುವ ಇದರ ಡ್ಯಾಮ್ ಮೆಥಿಲೇಸ್ ಕಿಣ್ವ ಚುರುಕಾಗಿಯೇ ಇದೆ. ಇದರಿಂದ ತೆಗೆದ ಪ್ಲಾಸ್ಮಿಡ್ಡನ್ನು ಬಿಸಿಎಲ್-1 ಎಂಬ ಕತ್ತರಿ ಕಿಣ್ವ ಕತ್ತರಿಸದು, ಎಕ್ಸ್‌ಬಿಎ-1 ತಾಣದ ಹಿಂದೆ 'ಜಿಎ' ಅಥವಾ ಮುಂದೆ 'ಟಿಸಿ' ಇದ್ದರೆ ಅದೂ ಕತ್ತರಿಸದು. ಕಿಣ್ವ ಹಳತಾಯಿತೆಂದು ಎರಡು ಪಟ್ಟು ಹಾಕಿ ಫಲವಿಲ್ಲ. ಡ್ಯಾಮ್ ಇಲ್ಲದ ತಳಿಯಲ್ಲಿ ಪ್ಲಾಸ್ಮಿಡ್ ಬೆಳೆಸಿಕೊಳ್ಳಬೇಕು.

ಹಾಗಾದರೆ ಯಾರಿಗೆ ಯಾವ ದರ್ಜೆ? ಲೆಕ್ಕ ಹಾಕಿ ನೋಡುವುದೇ ಸರಿ. 20 ಮೈಕ್ರೋಲೀಟರ್ ಲೈಗೇಶನ್ನಿನಲ್ಲಿ ಒಟ್ಟು 100 ನ್ಯಾನೋಗ್ರಾಂ ಡಿಎನ್‌ಎ ಇದೆ, ಅದರಲ್ಲಿ 2 ಮೈಕ್ರೋಲೀಟರ್ ಕೋಶಕ್ಕೆ ಹಾಕಿದಿರಿ: 10 ನ್ಯಾನೋಗ್ರಾಂ. ಅದೆಲ್ಲ ಪಿಯುಸಿ19ನಂತೆ ಬಿಗಿಯಾಗಿ ಸುತ್ತಿದ ಉಂಗುರವಾಗಿದ್ದರೆ ಹತ್ತು ಲಕ್ಷದ ದರ್ಜೆಯಲ್ಲೂ 10,000 ಕಾಲೊನಿ ಬರಬೇಕು. ಆದರೆ ಲೈಗೇಶನ್ನಿನಲ್ಲಿರುವುದು ಬಹುಪಾಲು ನೇರ ತುಂಡುಗಳು, ಅಡ್ಡಾದಿಡ್ಡಿ ಅಂಟಿಕೊಂಡ ಸರಪಳಿಗಳು, ಸಡಿಲ ಉಂಗುರಗಳು. ನೇರ ತುಂಡು ಒಳಗೆ ಹೋದರೂ ಆರ್‌ಇಸಿಬಿಸಿಡಿ ಕಿಣ್ವ ಅದನ್ನು ತುದಿಯಿಂದ ತಿಂದುಹಾಕುತ್ತದೆ. ನೂರರಲ್ಲಿ ಒಂದು ಪಾಲು ಮಾತ್ರ ಉಪಯೋಗಕ್ಕೆ ಬಂತು ಎಂದಿಟ್ಟುಕೊಳ್ಳಿ: ಒಂದು ಮಿಲಿಲೀಟರಿನಲ್ಲಿ 100 ಕಾಲೊನಿ, ಪ್ಲೇಟಿಗೆ ಹರಡಿದ 100 ಮೈಕ್ರೋಲೀಟರಿನಲ್ಲಿ 10. ಎರಡು ಅಂಟು ತುದಿಗಳ ಸರಳ ಕ್ಲೋನಿಂಗಿಗೆ ಅಷ್ಟೂ ಸಾಕು. ಸಾಲದಿದ್ದರೆ ಕೋಶಗಳನ್ನು ಸೆಂಟ್ರಿಫ್ಯೂಜಿನಲ್ಲಿ ತಳಕ್ಕಿಳಿಸಿ, ಮೇಲಿನ ದ್ರವ ಚೆಲ್ಲಿ, ಉಳಿದ 100 ಮೈಕ್ರೋಲೀಟರನ್ನು ಪೂರ್ತಿ ಒಂದೇ ಪ್ಲೇಟಿಗೆ ಹರಡಬಹುದು. ತುದಿಗಳು ಮೊಂಡಾಗಿದ್ದು ಫಲ ಇನ್ನೂ ಹತ್ತು ಪಟ್ಟು ಇಳಿದರೆ, ಹೀಗೆ ತಳಕ್ಕಿಳಿಸದೆ ಹರಡಿದ ಪ್ಲೇಟಿನಲ್ಲಿ ಸಿಗುವುದು ಒಂದು ಅಥವಾ ಸೊನ್ನೆ. ಹೈ ಎಫಿಷಿಯನ್ಸಿ ದರ್ಜೆಗೆ ಕೊಟ್ಟ ದುಡ್ಡು ದುಡಿಯುವುದು ಇಂಥಲ್ಲಿ. ಮೊಂಡು ತುದಿಯ ಲೈಗೇಶನ್, ಮೂರ್ನಾಲ್ಕು ತುಂಡುಗಳ ಜೋಡಣೆ, ದೊಡ್ಡ ಪ್ಲಾಸ್ಮಿಡ್, ಕೈಯಲ್ಲಿ ಉಳಿದದ್ದೇ ಒಂದಿಷ್ಟು ಡಿಎನ್‌ಎ ಎಂಬಂಥ ಸಂದರ್ಭ. ಲೈಬ್ರರಿ (ಬೇರೆ ಬೇರೆ ಡಿಎನ್‌ಎ ತುಂಡುಗಳ ದೊಡ್ಡ ಸಂಗ್ರಹ) ಕಟ್ಟಲು ಇದೂ ಸಾಲದು, ಸಾವಿರ ಕೋಟಿಯ ಮಟ್ಟ ಮುಟ್ಟುವ, ವಿದ್ಯುತ್ತಿನ ಹೊಡೆತದಿಂದ ಡಿಎನ್‌ಎ ಪಡೆಯುವ ಎಲೆಕ್ಟ್ರೋಕಾಂಪಿಟೆಂಟ್ ಕೋಶ ಬೇಕು. ಇನ್ನೊಂದು ತುದಿಯಲ್ಲಿ, ಮಿನಿಪ್ರೆಪ್ ಮಾಡಿದ ಪ್ಲಾಸ್ಮಿಡ್ಡನ್ನು ಮತ್ತೆ ಬೆಳೆಸಲು ಇದನ್ನು ಬಳಸುವುದು ದಂಡ. ಆ ಕೆಲಸಕ್ಕೆ 100 ಮಿಲಿಮೋಲಾರ್ ಕ್ಯಾಲ್ಸಿಯಂ ಕ್ಲೋರೈಡಿನಲ್ಲಿ ತಾವೇ ತಯಾರಿಸಿದ ಕೋಶವೂ ಆದೀತು. ತಾಳ್ಮೆ ಇದ್ದವರು 1990ರಲ್ಲಿ ಇನೌಯೆ ಮತ್ತು ಜೊತೆಗಾರರು ಪ್ರಕಟಿಸಿದ ವಿಧಾನದಲ್ಲಿ, 18 ಡಿಗ್ರಿಯಲ್ಲಿ ನಿಧಾನ ಬೆಳೆಸಿ, ಕೊಂಡ ಕೋಶಕ್ಕೆ ಸರಿಗಟ್ಟುವ ಕೋಶವನ್ನು ಪ್ರಯೋಗಾಲಯದಲ್ಲೇ ಮಾಡಿಕೊಳ್ಳಬಹುದು.

ಲೈಗೇಶನ್ ಹಾಕುವಾಗ ಇನ್ನೆರಡು ಮಾತು. 50 ಮೈಕ್ರೋಲೀಟರ್ ಕೋಶಕ್ಕೆ 5 ಮೈಕ್ರೋಲೀಟರ್ ಮೀರಬಾರದು. ಹೆಚ್ಚು ಹಾಕಿದರೆ ಹೆಚ್ಚು ಕಾಲೊನಿ ಎಂಬ ಆಸೆಗೆ ಬಫರಿನ ಉಪ್ಪು ಅಡ್ಡ ಬರುತ್ತದೆ. ಮಾಮೂಲಿ ಟಿ4 ಲೈಗೇಸ್ ಬಫರಾದರೆ 65 ಡಿಗ್ರಿಯಲ್ಲಿ 10 ನಿಮಿಷ ಇಟ್ಟು ಕಿಣ್ವವನ್ನು ಕೊಂದ ಮೇಲೆ ಹಾಕಿದರೆ ಅನುಕೂಲವೇ. ಪಿಇಜಿ (ಪಾಲಿಎಥಿಲೀನ್ ಗ್ಲೈಕಾಲ್) ಇರುವ ಶೀಘ್ರ ಲೈಗೇಶನ್ ಬಫರಿಗೆ ಮಾತ್ರ ಈ ಬಿಸಿ ಕೊಡಬೇಡಿ. ಪಿಇಜಿ ಜೊತೆ ಕಾಯಿಸಿದ ಲೈಗೇಶನ್ನಿನಿಂದ ಕಾಲೊನಿಗಳು ತೀರಾ ಕುಸಿಯುತ್ತವೆ.

ಪ್ಲೇಟು ಖಾಲಿ ಬಂದಾಗ ದೂರು ಬರೆಯುವ ಮುನ್ನ ಯಾವುದು ಕೈಕೊಟ್ಟಿತು ಎಂದು ತಿಳಿಯಬೇಕಲ್ಲ. ಅದಕ್ಕೆ ಪ್ರತಿ ಸಲವೂ ಜೊತೆಗೆ ಮೂರು ಪ್ಲೇಟು ಇಡಬೇಕು: ಪಿಯುಸಿ19 ಹಾಕಿದ್ದು, ಡಿಎನ್‌ಎ ಹಾಕದ್ದು, ಇನ್ಸರ್ಟ್ ಇಲ್ಲದೆ ಕತ್ತರಿಸಿದ ವೆಕ್ಟರನ್ನಷ್ಟೇ ಲೈಗೇಟ್ ಮಾಡಿದ್ದು. ಪಿಯುಸಿ19 ಪ್ಲೇಟು ತುಂಬಿ ಲೈಗೇಶನ್ ಪ್ಲೇಟು ಖಾಲಿಯಾದರೆ ಕೋಶ ನಿರ್ದೋಷಿ, ಲೈಗೇಶನ್ ನೋಡಿ. ಎರಡೂ ಖಾಲಿಯಾದರೆ ಕೋಶ ಸತ್ತಿರಬಹುದು ಅಥವಾ ಆಂಟಿಬಯಾಟಿಕ್ ಹೆಚ್ಚಾಗಿರಬಹುದು. ಆಂಟಿಬಯಾಟಿಕ್ ಇಲ್ಲದ ಪ್ಲೇಟಿಗೆ ಒಂದು ಗೆರೆ ಎಳೆದರೆ ಮಾರನೆಯ ದಿನ ಉತ್ತರ ಸಿಗುತ್ತದೆ. ಪಿಯುಸಿ19ಕ್ಕಿರುವುದು ಆಂಪಿಸಿಲಿನ್ ಪ್ರತಿರೋಧ ಮಾತ್ರ ಎಂಬುದನ್ನು ಮರೆತು ಅದನ್ನು ಕ್ಯಾನಮೈಸಿನ್ ಪ್ಲೇಟಿಗೆ ಹರಡಿ ಕೋಶವನ್ನು ದೂರುವುದೂ ನಡೆಯುತ್ತದೆ. ಡಿಎನ್‌ಎ ಇಲ್ಲದ ಪ್ಲೇಟಿನಲ್ಲೂ ಕಾಲೊನಿ ಬಂದರೆ ಆಂಟಿಬಯಾಟಿಕ್ ಕೆಲಸ ಮಾಡುತ್ತಿಲ್ಲ. ಅಗಾರ್ ಕೈಗೆ ಸುಡುವಷ್ಟು ಬಿಸಿ ಇರುವಾಗಲೇ ಆಂಪಿಸಿಲಿನ್ ಹಾಕಿದ್ದು ಇದಕ್ಕೆ ಮಾಮೂಲಿ ಕಾರಣ. ವೆಕ್ಟರ್ ಮಾತ್ರದ ಪ್ಲೇಟು ಲೈಗೇಶನ್ ಪ್ಲೇಟಿನಷ್ಟೇ ತುಂಬಿದ್ದರೆ ವೆಕ್ಟರ್ ಪೂರ್ತಿ ಕತ್ತರಿಸಿಲ್ಲ ಅಥವಾ ತಾನೇ ಮುಚ್ಚಿಕೊಂಡಿದೆ. ಇಲ್ಲಿ ದಕ್ಷತೆ ಹೆಚ್ಚಿದ್ದೇ ತೊಂದರೆ: ಕತ್ತರಿಸದೆ ಉಳಿದ ಚೂರುಪಾರು ವೆಕ್ಟರನ್ನೂ ಈ ಕೋಶಗಳು ಬಿಡದೆ ಕಾಲೊನಿ ಮಾಡಿ ತೋರಿಸುತ್ತವೆ.

ದೊಡ್ಡ ಕಾಲೊನಿಯ ಸುತ್ತ ಪುಡಿಪುಡಿಯಾಗಿ ಎದ್ದವು ಕೋಶದ ದೋಷವಲ್ಲ. ಪ್ರತಿರೋಧವಿರುವ ಕಾಲೊನಿ ಹೊರಬಿಟ್ಟ ಬೀಟಾ-ಲ್ಯಾಕ್ಟಮೇಸ್ ಸುತ್ತಲಿನ ಆಂಪಿಸಿಲಿನ್ನನ್ನು ತಿಂದಮೇಲೆ, ಪ್ಲಾಸ್ಮಿಡ್ ಇಲ್ಲದ ಕೋಶಗಳು ಆ ನೆರಳಿನಲ್ಲಿ ಏಳುತ್ತವೆ. ಆಂಪಿಸಿಲಿನ್ ಒಂದು ಮಿಲಿಲೀಟರಿಗೆ 100 ಮೈಕ್ರೋಗ್ರಾಂ ಇರಲಿ, ಅಥವಾ ಅಷ್ಟು ಬೇಗ ಕೆಡದ ಕಾರ್ಬೆನಿಸಿಲಿನ್ ಬಳಸಿ, ಪ್ಲೇಟನ್ನು 16ರಿಂದ 18 ಗಂಟೆ ಕಳೆದ ಮೇಲೆ ಇನ್‌ಕ್ಯುಬೇಟರಿನಿಂದ ತೆಗೆದು ಫ್ರಿಜ್ಜಿನಲ್ಲಿಡಿ. ಕಡ್ಡಿಗೆ ತಾಗಿಸುವುದು ನಡುವಿನ ದೊಡ್ಡದನ್ನೇ.